ಚೀಟಿ

ಈ ಜಾಗದ ಹೆಸರು ಸಜಾ.
ಊರಲ್ಲಿ ಹೇಳಿದರೆ ನಗುತ್ತಾರೆ, ಎಷ್ಟು ವರ್ಷದ್ದು ಮಾರಾಯ ಅಂತ.
ಶಾರ್ಜಾದ ಹೊರಗೆ, ಲಾರಿಗಳ ಧೂಳು ದಾಟಿ,
ತಗಡಿನ ಗೋದಾಮು, ನಂಬರ್ ಹದಿನೇಳು.
ಒಳಗೆ ತಂಪು ಉಂಟು. ನಮಗಾಗಿ ಅಲ್ಲ, ಸರಕಿಗಾಗಿ.

ನನ್ನ ಕೆಲಸ ಅಂಟಿಸುವುದು.
ಕೊರಿಯಾದಿಂದ ಬಂದ ಪೊಟ್ಟಣದ ಬೆನ್ನಿಗೆ
ಅರಬಿ ಚೀಟಿ, ಬೆರಳುದ್ದ, ಬಿಳಿ.
ಮೊದಲ ವರ್ಷ ಬಂದದ್ದೆಲ್ಲ ಕೆಂಪು ನೂಡಲ್ಸು,
ಒಡೆದ ಪೊಟ್ಟಣ ಮುಟ್ಟಿದ ಕೈ ಕಣ್ಣಿಗೆ ತಾಗಿದರೆ
ವುಳೂ ಮಾಡಿದರೂ ಇಳಿಯದ ಉರಿ.
ಆಮೇಲೆ ಖಾರಕ್ಕೆ ಹಾಲು ಬೆರೆತು ಗುಲಾಬಿ ಬಣ್ಣವಾಯಿತು.
ಈ ವರ್ಷ ಎಲ್ಲದಕ್ಕೂ ಸೊನ್ನೆ,
ಸೊನ್ನೆ ಸಕ್ಕರೆ, ಸೊನ್ನೆ ಕೊಬ್ಬು,
ಐಸಿನ ಲೋಟ ಬೇರೆ, ಪಾನಕದ ಚೀಲ ಬೇರೆ,
ಕೊಂಡವನೇ ಸುರಿದುಕೊಳ್ಳಬೇಕಂತೆ, ಅದೇ ಫ್ಯಾಷನ್ನು.
ಹುರಿದ ಬಾರ್ಲಿಯ ನೀರು ಬಾಟ್ಲಿಯಲ್ಲಿ ಬಂದ ದಿನ
ನಾನು ಗಟ್ಟಿಯಾಗಿ ನಕ್ಕುಬಿಟ್ಟೆ.
ಜ್ವರ ಬಂದರೆ ಉಮ್ಮ ಕುಡಿಸುತ್ತಿದ್ದದ್ದು, ಇಲ್ಲಿ ಆರು ದಿರ್ಹಮು.

ಪೂರಾ ಗೋದಾಮಿನಲ್ಲಿ ಆ ಅಕ್ಷರ ಓದಬಲ್ಲವನು ಒಬ್ಬನೇ,
ಖೀಮ್ ಪುನ್, ಫೋರ್ಕ್‌ಲಿಫ್ಟ್ ಓಡಿಸುವವನು.
ಕಠ್ಮಂಡುವಿನಲ್ಲಿ ಎರಡು ಸಲ ಕೊರಿಯಾ ಪರೀಕ್ಷೆಗೆ ಕೂತವನು,
ಎರಡನೆಯ ಸಲ ಹೋದದ್ದು ಮೂರು ಮಾರ್ಕಿಗೆ.
ಈಗ ಅಟ್ಟಿ ಇಳಿಸುತ್ತ ಜೋರಾಗಿ ಓದುತ್ತಾನೆ:
ಮೊದಲು ನೀರು ಕುದಿಸಿ. ಮೂರು ನಿಮಿಷ ಕಾಯಿರಿ.
ಪ್ರಶ್ನೆಪತ್ರಿಕೆಯಲ್ಲಿ ಇದೇ ಬಂದಿದ್ದರೆ, ಅನ್ನುತ್ತಾನೆ,
ಮಾತು ಮುಗಿಸುವುದಿಲ್ಲ.

ಅವನು ಓದುವ ಕಡೆಗೇ ನಾನು ಅಂಟಿಸಬೇಕು. ಜಾಗ ಅಲ್ಲಿಯೇ ಇರುವುದು.
ಒಂದು ನಿಮಿಷ, ಈ ಸಾಲು ಮುಗಿಯಲಿ, ಅನ್ನುತ್ತಾನೆ.
ಹೆಬ್ಬೆರಳಿನ ತುದಿಯಲ್ಲಿ ಚೀಟಿ ಹಿಡಿದು ನಿಲ್ಲುತ್ತೇನೆ.

ಶಾಬಾನ್ ತಿಂಗಳಲ್ಲಿ, ರಮಳಾನಿನ ಆರ್ಡರಿಗೆ, ಒಂದು ಕಂಟೇನರ್ ಬಂತು.
ನಮ್ಮ ಪುಂಡಿಯನ್ನೇ ಬೆರಳಿನ ಹಾಗೆ ಎಳೆದ ಅಕ್ಕಿ ತುಂಡು,
ಜೊತೆಗೆ ಸಿಹಿಖಾರದ ಸಾಸು.
ನೂರ ನಲವತ್ತು ಮುಗಿಸಿದ್ದೆ.
ಖೀಮ್ ಗಾಡಿ ನಿಲ್ಲಿಸಿ ಇಳಿದ. ಸಾಸಿನ ಬೆನ್ನಿಗೆ ಉಗುರು ಊರಿದ.
ಇಲ್ಲಿ ನೋಡು, ಎರಡು ಅಕ್ಷರ. ಜು. ಜೊಂಗ್.
ಅಂದರೆ ಎಂತ?
ನನ್ನ ಪುಸ್ತಕದಲ್ಲಿ ಇರಲಿಲ್ಲ. ಆದರೆ ಜು ಅಂದಲ್ಲಿ ಹೆಂಡ ಇರುತ್ತದೆ.

ಕೈಯಲ್ಲಿದ್ದ ಚೀಟಿ ಓದಿದೆ, ಮದ್ರಸದ ಅರಬಿಯಲ್ಲಿ, ಕೂಡಿಸಿ ಕೂಡಿಸಿ:
ಅಕ್ಕಿ, ಉಪ್ಪು, ಸಕ್ಕರೆ, ಮೆಣಸು.
ಮುಂದೆ ಚುಕ್ಕಿ.

ನೋಂಬು ತುರಿಯುವ ಹೊತ್ತಿನ ತಟ್ಟೆ ಕಣ್ಣ ಮುಂದೆ ಬಂತು,
ಯಾರ ಮನೆಯದೋ, ಮಕ್ಕಳು ಸುತ್ತ ಕೂತದ್ದು.
ಮೇನೇಜರ್ ನಿದಾಲರ ಬಾಗಿಲು ತಟ್ಟಿದೆವು.
ಅವರು ಕೇಳಿದ್ದು ಒಂದೇ: ಓದಿದ್ದು ಯಾರು?
ಫೋರ್ಕ್‌ಲಿಫ್ಟಿನವನು ಓದಿದ್ದು ಸರಿ ಅನ್ನಲು
ಲ್ಯಾಬಿಗೆ ಒಂಬತ್ತು ದಿನ ಬೇಕಾಯಿತು.
ಆ ಒಂಬತ್ತು ದಿನ ಖೀಮ್ ಏನನ್ನೂ ಓದಲಿಲ್ಲ,
ಚಹಾದ ಡಬ್ಬಿಯ ಮೇಲಿನ ಹೆಸರನ್ನೂ.

ಕಂಟೇನರ್ ವಾಪಸು ಹೋಯಿತು.
ಅವನಿಗೆ ಒಂದು ಕೆಂಪು ಮಾರ್ಕರ್ ಕೊಟ್ಟರು, ಅನುಮಾನ ಬಂದಲ್ಲಿ ಗೀಟು ಹಾಕಲು.
ಸಂಬಳ ಇದ್ದಷ್ಟೇ.
ಹಾಕಿದ ಚೀಟಿ ಕೀಳುವ ಕೆಲಸ ನನ್ನದು.
ಕಿತ್ತಲ್ಲೆಲ್ಲ ಕೆಳಗಿನ ಅಕ್ಷರ ಅರ್ಧ ಎದ್ದು ಬಂತು.
ನಮ್ಮ ಅಂಟು ಗಟ್ಟಿಯದು.

ಉಪ್ಪಿನಂಗಡಿಯಿಂದ ಮಗಳ ಫೋನು, ಫಝೀಲಾ:
ಉಪ್ಪ, ಬರುವಾಗ ನೂಡಲ್ಸ್ ತನ್ನಿ,
ಬೆನ್ನಿಗೆ ಚೀಟಿ ಇಲ್ಲದ್ದು. ನಾನು ಆ ಅಕ್ಷರ ಕಲಿಯುತ್ತಿದ್ದೇನೆ.
ಚೀಟಿ ಇಲ್ಲದ ಪೊಟ್ಟಣ ಈ ಬಾಗಿಲು ದಾಟುವ ಹಾಗಿಲ್ಲ ಮಗಳೇ,
ಅಂತ ಹೇಗೆ ಹೇಳುವುದು? ಸುಮ್ಮನೆ ಹ್ಞೂಂ ಅಂದೆ.

ಖೀಮ್ ಎಸೆಯಲಿಟ್ಟ ರಟ್ಟಿನ ಒಂದು ಬದಿ ಹರಿದ,
ಕೆಂಪು ಮಾರ್ಕರಿನಲ್ಲಿ ಅವಳ ಹೆಸರು ಬರೆದ, ಮೂರೇ ಚೌಕ.
ಅವರಲ್ಲಿ ಫ ಇಲ್ಲ, ಝ ಇಲ್ಲ, ಅಂದ, ತಪ್ಪು ಒಪ್ಪಿಕೊಳ್ಳುವವನ ಹಾಗೆ.
ಓದಿದರೆ ಪಜಿಲ್ಲಾ ಅಂತ ಆಗುತ್ತದೆ.

ಪರವಾಗಿಲ್ಲ ಮಾರಾಯ, ಅಂದೆ.
ಅವಳ ಅಜ್ಜಿ ಕರೆಯುವುದೂ ಹಾಗೆಯೇ.